ಇಳಿತಕ್ಕೆ ಬಸ್ಸು ಕಾಯುತ್ತದೆಯೇ?

ಅಘನಾಶಿನಿ ನದಿ ಸಮುದ್ರ ಸೇರುವ ಜಾಗದ ಸುತ್ತಲಿನ ಕುಮಟಾ, ಗೋಕರ್ಣ, ಅಂಕೋಲೆಯ ನೆಲವನ್ನು ಒಂದೇ ದಿನದಲ್ಲಿ ತೋರಿಸುವ ಪ್ರವಾಸ ಶುರುಮಾಡಬೇಕೆಂದು ಒಬ್ಬ ಹುಡುಗಿ ಹೊರಟಿದ್ದಾಳೆ. ಬೆಂಗಳೂರಿನಲ್ಲಿ ಕೆಲಸ ಮಾಡಿ ಊರಿಗೆ ಮರಳಿದವಳು. ಅವಳ ಸೋದರಮಾವ ನಿವೃತ್ತ ಮಾಸ್ತರು; ಅಘನಾಶಿನಿಯ ಗಜನಿಯಲ್ಲಿ ಅವರ ಮನೆಗೂ ಒಂದು ಪಾಲುಂಟು. ಘಟ್ಟದ ಮೇಲಿನ ಓದುಗರಿಗೆ ಇಷ್ಟು ಹೇಳಬೇಕು: ಗಜನಿ ಎಂದರೆ ಭರತದಲ್ಲಿ ಉಪ್ಪುನೀರು ಏರಿಬರುವ ತಗ್ಗು ಗದ್ದೆ. ಅಲ್ಲಿ ಬೆಳೆಯುವ ಕಗ್ಗ ಎಂಬ ಭತ್ತ ಉಪ್ಪನ್ನೂ ತಡೆಯುತ್ತದೆ, ನೆರೆಯಲ್ಲಿ ಮುಳುಗಿದರೂ ಎದ್ದು ನಿಲ್ಲುತ್ತದೆ. ಆ ಹುಡುಗಿ ಮತ್ತು ಮಾಸ್ತರ ನಡುವೆ ನಡೆದ ಮಾತನ್ನು ಇಲ್ಲಿ ಬರೆಯುತ್ತಿದ್ದೇನೆ. ನಮ್ಮ ಊರುಗಳನ್ನು ನೋಡಲು ಜನ ಬರುತ್ತಲೇ ಇರುತ್ತಾರೆ. ಹೇಗೆ ಬರಬೇಕು ಎಂಬುದನ್ನು ನಾವೇ ಕೂತು ಮಾತಾಡಿಕೊಳ್ಳದಿದ್ದರೆ ಬೇರೆ ಯಾರೋ ನಿರ್ಧರಿಸುತ್ತಾರೆ ಎಂಬ ಆತಂಕ ನನ್ನದೂ ಹೌದು.

ಹುಡುಗಿ: ಮಾವ, ಪೂರ್ತಿ ಓದಿ, ಆಮೇಲೆ ಬೈಯಿರಿ. ಬೆಳಿಗ್ಗೆ ಆರೂವರೆಗೆ ತದಡಿಯಲ್ಲಿ ದೋಣಿ ದಡ ಸೇರುವುದನ್ನು ನೋಡುವುದು. ಅಲ್ಲಿಂದ ಸಾಣಿಕಟ್ಟೆಯ ಉಪ್ಪಿನಾಗರ. ಹತ್ತೂವರೆಗೆ ಮಿರ್ಜಾನ ಕೋಟೆ. ಮಧ್ಯಾಹ್ನ ಮಾಣಿಕಟ್ಟೆಯ ಗಜನಿ, ಅಲ್ಲೇ ಒಬ್ಬರ ಮನೆಯಲ್ಲಿ ಊಟ. ನದಿಯಲ್ಲಿ ಚಿಪ್ಪಿಕಲ್ಲು ಆರಿಸುವವರನ್ನು ಕಂಡು ಸಂಜೆಗೆ ಅಂಕೋಲಾ ಪೇಟೆ. ರಾತ್ರಿ ಎಂಟಕ್ಕೆ ಗೋಕರ್ಣಕ್ಕೆ ಬಿಡುವುದು.

ಮಾಸ್ತರು: ಇದು ಯಾವ ತಿಂಗಳ ದಿನ?

ಹುಡುಗಿ: ಅಕ್ಟೋಬರಿನಿಂದ ಮೇ ತನಕ ಯಾವ ದಿನವಾದರೂ ಸೈ.

ಮಾಸ್ತರು: ಅಂಥದೊಂದು ದಿನ ನಮ್ಮಲ್ಲಿ ಇಲ್ಲ ಮಾರಾಯ್ತಿ. ಅಕ್ಟೋಬರಿನಲ್ಲಿ ಕಗ್ಗ ಕೊಯ್ಲಿಗೆ ಬಂದಿರುತ್ತದೆ ಸರಿ, ಆದರೆ ಆಗರದಲ್ಲಿ ಒಂದು ಹರಳು ಉಪ್ಪು ಸಿಗುವುದಿಲ್ಲ. ಉಪ್ಪು ಏಳುವ ಮಾರ್ಚ್, ಏಪ್ರಿಲಿನಲ್ಲಿ ಗಜನಿಯಲ್ಲಿ ಪೈರಿನ ಸುಳಿವಿಲ್ಲ. ಅಲ್ಲಿ ಉಪ್ಪುನೀರು, ಮೀನು, ಸಿಗಡಿ. ಅಳ್ವೆಕೋಡಿಯ ಸಿಹಿ ಈರುಳ್ಳಿಯ ಗೊಂಚಲು ಹೆದ್ದಾರಿ ಬದಿಗೆ ತೂಗುವುದು ಬೇಸಿಗೆಯಲ್ಲಿ. ಅಂಕೋಲೆಯ ಕರಿ ಈಶಾಡ ಮಾವು ಬೇಕೆಂದರೆ ಮೇ ತನಕ ಕಾಯಬೇಕು. ಗದ್ದೆಗೆ ಬೀಜ ಬೀಳುವ ಜೂನಿನಲ್ಲಿ ಬೋಟೇ ಕಡಲಿಗಿಳಿಯುವುದಿಲ್ಲ, ಜುಲೈ 31ರ ತನಕ ಯಾಂತ್ರಿಕ ಮೀನುಗಾರಿಕೆಗೆ ನಿಷೇಧ. ನೀನು ಇಲ್ಲಿ ಬರೆದದ್ದು ಇಡೀ ವರ್ಷದ ಬದುಕು. ಅದನ್ನು ಹದಿಮೂರೂವರೆ ಗಂಟೆಯಲ್ಲಿ ಬಡಿಸುತ್ತೇನೆ ಎನ್ನುತ್ತಿದ್ದೀಯ.

ಹುಡುಗಿ: ಹಾಗಾದರೆ ತಿಂಗಳಿಗೊಂದು ಪಟ್ಟಿ ಮಾಡುತ್ತೇನೆ. ಅಕ್ಟೋಬರಿಗೆ ಕೊಯ್ಲು, ಡಿಸೆಂಬರಿಗೆ ಹಕ್ಕಿ, ಮಾರ್ಚಿಗೆ ಉಪ್ಪು.

ಮಾಸ್ತರು: ತಿಂಗಳು ಹೊಂದಿಸಿದೆ. ಗಂಟೆ? ಚಿಪ್ಪಿಕಲ್ಲು ಆರಿಸುವವರು ನದಿಗೆ ಇಳಿಯುವುದು ಇಳಿತದಲ್ಲಿ. ಇವತ್ತಿಗಿಂತ ನಾಳೆ ಇಳಿತ ಸುಮಾರು ಐವತ್ತು ನಿಮಿಷ ತಡ. ಒಂದು ವಾರ ಕಳೆಯುವಷ್ಟರಲ್ಲಿ ಹತ್ತಿರ ಹತ್ತಿರ ಆರು ಗಂಟೆ ಸರಿದು, ಇಳಿತವಿದ್ದ ಹೊತ್ತಿಗೆ ಭರತ ನಿಂತಿರುತ್ತದೆ. ಈ ಭಾನುವಾರ ಮೂರು ಗಂಟೆಗೆ ನಿನ್ನ ಜನ ನೂರು ಹೆಂಗಸರನ್ನು ಕಂಡರೆ, ಮುಂದಿನ ಭಾನುವಾರ ಅದೇ ಮೂರು ಗಂಟೆಗೆ ಬರೀ ನೀರು ಕಾಣುತ್ತಾರೆ. ಆಗ ಏನು ಮಾಡುತ್ತೀ? ದುಡ್ಡು ಕೊಟ್ಟು ಇಬ್ಬರನ್ನು ನಡುಮಟ್ಟ ನೀರಿನಲ್ಲಿ ನಿಲ್ಲಿಸುತ್ತೀಯೋ?

ಹುಡುಗಿ: ಅಂಥದ್ದನ್ನು ನಾನು ಮಾಡುವುದಿಲ್ಲ, ಅದು ನಿಮಗೂ ಗೊತ್ತು. ಇಳಿತದ ಹೊತ್ತು ಈಗ ಫೋನಿನಲ್ಲೇ ಸಿಗುತ್ತದೆ. ದಿನದ ಕ್ರಮವನ್ನು ತಿರುವು ಮುರುವು ಮಾಡಬಹುದು. ಕೋಟೆ ಎಲ್ಲಿಗೂ ಓಡಿಹೋಗುವುದಿಲ್ಲ, ಅದನ್ನು ಮಧ್ಯಾಹ್ನಕ್ಕೆ ಇಟ್ಟರಾಯಿತು.

ಮಾಸ್ತರು: ಊಟದ ಮನೆಯವರು? ಅವರಿಗೂ ಪ್ರತಿ ವಾರ ಬೇರೆ ಹೊತ್ತೇ?

ಹುಡುಗಿ: ಅವರಿಗೆ ಅದೇನು ಹೊಸತಲ್ಲವಲ್ಲ. ಬಲೆಗೆ ಹೋದವರಿಗಾಗಿ ಹೊತ್ತಲ್ಲದ ಹೊತ್ತಿಗೆ ಗಂಜಿ ಬಡಿಸಿಯೇ ಅವರ ಜನ್ಮ ಸಾಗಿದೆ.

ಈ ಉತ್ತರ ಮಾಸ್ತರನ್ನು ಒಂದು ಗಳಿಗೆ ಸುಮ್ಮನಾಗಿಸಿತು. ಇಂಥ ಪ್ರವಾಸಗಳಲ್ಲಿ ನಾನು ಮೊದಲು ನೋಡುವುದೂ ಇದನ್ನೇ: ವೇಳಾಪಟ್ಟಿ ಯಾರ ಕೆಲಸಕ್ಕೆ ಹೊಂದಿಕೊಂಡಿದೆ? ಬಂದವರಿಗಾಗಿ ಗದ್ದೆಯವರು ಕಾದರೆ ಗದ್ದೆಯ ಕೆಲಸ ಕೆಡುತ್ತದೆ. ಗದ್ದೆಗಾಗಿ ಬಂದವರು ಕಾದರೆ ಕೆಡುವುದು ಅವರ ಅರ್ಧ ದಿನ ಮಾತ್ರ.

ಹುಡುಗಿ: ಈಗ ನಾನು ಕೇಳುತ್ತೇನೆ. ನಮ್ಮ ಪಾಲಿನ ಗಜನಿಯಲ್ಲಿ ಈ ವರ್ಷ ಏನು ಬೆಳೆದಿರಿ?

ಮಾಸ್ತರು: ನಿನಗೆ ಗೊತ್ತಿದ್ದದ್ದೇ. ಪಡ ಬಿದ್ದಿದೆ.

ಹುಡುಗಿ: ಕಗ್ಗದ ಗುಣಗಾನ ನೀವು ಮಾಡುವಷ್ಟು ಯಾರೂ ಮಾಡುವುದಿಲ್ಲ. ಗೊಬ್ಬರ ಬೇಡ, ಔಷಧಿ ಬೇಡ, ಭರತದ ನೀರು ತಂದ ಮಣ್ಣೇ ಅದಕ್ಕೆ ಸಾಕು ಎನ್ನುತ್ತೀರಿ. ಆದರೆ ಬೆಳೆಯುವವರು ಎಲ್ಲಿ? ನಿಮ್ಮ ಇಬ್ಬರು ಗಂಡುಮಕ್ಕಳೂ ಊರು ಬಿಟ್ಟರು. ಕೆಸರಿಗೆ ಇಳಿಯುವ ಕೂಲಿಯವರು ಸಿಗುವುದಿಲ್ಲ. ಅದು ಯಾರಿಗೂ ಕಾಣದಂತೆ ಸಾಯುತ್ತಿದೆ ಮಾವ. ಹೊರಗಿನವರು ನೋಡಿದರೆ ಕೆಡುತ್ತದೆ ಎಂದು ಹೆದರುವ ನೀವು, ಯಾರೂ ನೋಡದೆ ಆಗುತ್ತಿರುವುದಕ್ಕೆ ಏನು ಹೇಳುತ್ತೀರಿ?

ಮಾಸ್ತರು: ಗಜನಿ ಒಬ್ಬನ ಗದ್ದೆಯಲ್ಲ ಕಣೇ. ಹೊಳೆಯ ಕಡೆಗೆ ಒಂದೇ ಕಟ್ಟೆ, ಅದರೊಳಗೆ ಹತ್ತಾರು ಮನೆಯವರ ಪಾಲು. ಮಳೆಗಾಲದ ಮುಂಚೆ ಉಪ್ಪುನೀರು ಹೊರಹಾಕಿ, ಮಳೆನೀರು ಉಪ್ಪನ್ನು ತೊಳೆಯುವಂತೆ ಮಾಡಿ, ಕಟ್ಟೆಯ ಬಾಗಿಲು ಹಾಕಿ ತೆಗೆದು ಮಾಡುವುದೆಲ್ಲ ಒಟ್ಟಿಗೇ ಆಗಬೇಕು. ಕಟ್ಟೆ ಒಂದು ಕಡೆ ಒಡೆದರೆ ಎಲ್ಲರ ಬೆಳೆಯೂ ಹೋಯಿತು. ಆಮೇಲೆ ಸಿಗಡಿ ಸಾಕಣೆಯ ದುಡ್ಡು ಬಂತು. ತೊಂಬತ್ತರ ದಶಕದಲ್ಲಿ ಎಷ್ಟೋ ಜನ ಗದ್ದೆಯನ್ನು ಗೇಣಿಗೆ ಕೊಟ್ಟು ಕೂತರು. ಬಿಳಿಚುಕ್ಕೆ ರೋಗ ಬಂದು ಸಿಗಡಿ ಸತ್ತಿತು. ಅಷ್ಟರಲ್ಲಿ ಒಟ್ಟಿಗೆ ಸೇರಿ ಕೆಲಸ ಮಾಡುವ ರೂಢಿಯೇ ತಪ್ಪಿತ್ತು. ನಾನು ಹೆದರುವುದು ಅದಕ್ಕೇ. ಹೊರಗಿನ ದುಡ್ಡು ಒಂದು ಸಲ ಬಂದು ನಮ್ಮನ್ನು ನಮ್ಮ ಗದ್ದೆಯಿಂದ ಎಬ್ಬಿಸಿತು. ನಿನ್ನ ಪ್ರವಾಸದ ದುಡ್ಡು ಬೇರೆ ರೀತಿ ನಡೆದುಕೊಳ್ಳುತ್ತದೆ ಎಂಬುದಕ್ಕೆ ಏನು ಆಧಾರ?

ಹುಡುಗಿ: ಲೆಕ್ಕವನ್ನೇ ಇಡುತ್ತೇನೆ. ತಲೆಗೆ 2,500 ರೂಪಾಯಿ, ಇಪ್ಪತ್ತು ಜನ, ಒಟ್ಟು 50,000. ಗಾಡಿ, ಡೀಸೆಲ್, ದೋಣಿ, ಊಟ, ಜೊತೆಗೆ ಬರುವ ಹುಡುಗರ ಕೂಲಿ ಎಲ್ಲ ಕಳೆದು, ಪ್ರತಿ ಸಲವೂ 5,000 ರೂಪಾಯಿ ಕಟ್ಟೆಯ ರಿಪೇರಿಗೆ ಎತ್ತಿಡುತ್ತೇನೆ. ನನ್ನ ಕೈಯಲ್ಲಲ್ಲ, ಗಜನಿಯವರೇ ಇಟ್ಟುಕೊಳ್ಳಲಿ.

ಮಾಸ್ತರು: ವರ್ಷಕ್ಕೆ ಮೂವತ್ತು ಸಲ ಗಾಡಿ ಹೊರಟರೆ ಒಂದೂವರೆ ಲಕ್ಷ. ಒಡೆದ ಕಟ್ಟೆಗೆ ಅದು ಸಾಲದು. ಆದರೂ ಸಣ್ಣ ಮೊತ್ತವಲ್ಲ, ಒಪ್ಪುತ್ತೇನೆ. ಸಿಗಡಿಯವರು ಕೊಟ್ಟದ್ದು ಬೆಳೆ ಬಿಟ್ಟವರಿಗೆ. ನೀನು ಕೊಡುವುದು ಬೆಳೆದರೆ ಮಾತ್ರ ಎಂದು ಕಟ್ಟು ಹಾಕು.

ಹುಡುಗಿ: ಬೆಳೆದರೆ ಮಾತ್ರ. ಬೆಳೆಯದಿದ್ದರೆ ನನ್ನ ಪ್ರವಾಸವೂ ಇಲ್ಲವಲ್ಲ.

ಮಾಸ್ತರು: ಅದನ್ನು ಈಗ ಹೇಳುತ್ತೀ. ಜನ ಬರುವುದು ರೂಢಿಯಾದ ಮೇಲೆ, ಕಗ್ಗ ಇಲ್ಲದಿದ್ದರೂ ಬೇರೆ ಭತ್ತದ ನಾಲ್ಕು ಗುಂಟೆ ತೋರಿಸಿದರೆ ಯಾರಿಗೆ ತಿಳಿಯುತ್ತದೆ ಎಂದು ಒಂದು ದಿನ ಅನ್ನಿಸುತ್ತದೆ. ನಿನಗಲ್ಲದಿದ್ದರೆ ನಿನ್ನ ನಂತರ ನಡೆಸುವವರಿಗೆ.

ಹುಡುಗಿ ಇದಕ್ಕೆ ಉತ್ತರಿಸಲಿಲ್ಲ. ಉತ್ತರ ಅವಳಲ್ಲಿ ಇರಲಿಲ್ಲವೆಂದೇ ನನಗೆ ತೋರಿತು. ಮಾತನ್ನು ಕೋಟೆಯ ಕಡೆಗೆ ಹೊರಳಿಸಿದಳು.

ಹುಡುಗಿ: ಮಿರ್ಜಾನದಲ್ಲಿ ನೀವೇ ಮಾತಾಡಬೇಕು. ರಾಣಿ ಚೆನ್ನಭೈರಾದೇವಿಯ ಕಥೆಯನ್ನು ನಿಮ್ಮ ಬಾಯಲ್ಲಿ ಕೇಳಿ ಬೆಳೆದವಳು ನಾನು.

ಮಾಸ್ತರು: ಮಕ್ಕಳಿಗೆ ಹೇಳಿದ ಹಾಗೆ ದೊಡ್ಡವರಿಗೆ ಹೇಳಲು ಬರುವುದಿಲ್ಲ. ಕೋಟೆಯನ್ನು ಕಟ್ಟಿಸಿದ್ದು ಗೇರುಸೊಪ್ಪೆಯ ರಾಣಿ ಎನ್ನುವವರು ಇದ್ದಾರೆ. ಅವಳ ಕಾಲದ ನಂತರ ಬಿಜಾಪುರದ ಕಡೆಯ ಅಧಿಕಾರಿ ಷರೀಫ್-ಉಲ್-ಮುಲ್ಕ್ ಕಟ್ಟಿಸಿದ ಎನ್ನುವವರೂ ಇದ್ದಾರೆ. ಎರಡನ್ನೂ ಹೇಳಬೇಕು.

ಹುಡುಗಿ: ನಲವತ್ತು ನಿಮಿಷದಲ್ಲಿ ಎರಡು ಕಥೆ ಹೇಳಿದರೆ ಒಂದೂ ಉಳಿಯುವುದಿಲ್ಲ ಮಾವ. ಐವತ್ತನಾಲ್ಕು ವರ್ಷ ರಾಜ್ಯವಾಳಿದ ಹೆಂಗಸು. ಪೋರ್ಚುಗೀಸರೇ ಕಾಳುಮೆಣಸಿನ ರಾಣಿ ಎಂದು ಕರೆದವಳು. ಆ ಗೋಡೆಯ ಮುಂದೆ ನಿಂತು ಅವಳ ಹೆಸರು ಕೇಳಿದ ಹುಡುಗಿಯರ ಮುಖವನ್ನು ನೀವು ನೋಡಬೇಕು. ಅದನ್ನು ಅನುಮಾನದಿಂದ ಯಾಕೆ ತಣ್ಣಗೆ ಮಾಡಬೇಕು?

ಮಾಸ್ತರು: ಅನುಮಾನ ಅವಳ ಮೇಲಲ್ಲ, ಗೋಡೆಯ ಮೇಲೆ. ಅವಳು ಆಳಿದ್ದು 1552ರಿಂದ 1606. ಕೆಳದಿಯ ವೆಂಕಟಪ್ಪ ನಾಯಕ ಸೋಲಿಸಿದ, ಸೆರೆಯಲ್ಲಿ ತೀರಿಕೊಂಡಳು. ಪುರಾತತ್ವ ಇಲಾಖೆ 2000-01ರಲ್ಲಿ ಕೋಟೆಯೊಳಗೆ ಅಗೆದಾಗ ಪೋರ್ಚುಗೀಸರ 1652ರ ಚಿನ್ನದ ನಾಣ್ಯ ಸಿಕ್ಕಿತು, ಚೀನಾದ ಪಿಂಗಾಣಿ ಚೂರು ಸಿಕ್ಕಿತು, ತೋಪಿನ ಗುಂಡು ಸಿಕ್ಕಿತು. ಅಂದರೆ ಅವಳು ಹೋಗಿ ನಲವತ್ತಾರು ವರ್ಷದ ನಂತರವೂ ಆ ಗೋಡೆಗಳ ನಡುವೆ ವ್ಯಾಪಾರವೋ ಕಾವಲೋ ನಡೆಯುತ್ತಿತ್ತು. ಇದೂ ಕಥೆಯೇ ಅಲ್ಲವೇ? ಇನ್ನೊಂದನ್ನು ಯಾವ ಗೈಡೂ ಹೇಳುವುದಿಲ್ಲ: ಮೆಣಸು ಕೋಟೆಯ ಹತ್ತಿರ ಬೆಳೆಯುತ್ತಿರಲಿಲ್ಲ. ಬೆಳೆದದ್ದು ಘಟ್ಟದ ತೋಟಗಳಲ್ಲಿ. ಅದು ಇಳಿದು ಬಂದು ಹಡಗು ಹತ್ತಬೇಕಿದ್ದರೆ ಈ ಹೊಳೆಗಳೇ ದಾರಿ. ಕೋಟೆಯ ಕಂದಕದ ಬದಿಗೆ ನಿಂತು ಕಾಲುವೆ ಎತ್ತ ಹೋಗುತ್ತದೆ ಎಂದು ನೋಡಿದವನಿಗೆ ಮಾತ್ರ ಅದು ಅಲ್ಲಿ ಯಾಕಿದೆ ಎಂದು ಅರ್ಥವಾಗುತ್ತದೆ.

ಹುಡುಗಿ: ಇದನ್ನೇ ಹೇಳಿ, ಹೀಗೇ ಹೇಳಿ! ಬೋರ್ಡಿನಲ್ಲಿ ಇಲ್ಲದ್ದು ಇದೇ. ಒಂದು ದಿನದ ಪ್ರವಾಸದಲ್ಲಿ ಕೋಟೆ, ನದಿ, ಗದ್ದೆ, ಪೇಟೆ ಒಟ್ಟಿಗೆ ಬರುವುದರ ಲಾಭವೂ ಇದೇ. ಬಿಡಿಬಿಡಿಯಾಗಿ ನೋಡಿದರೆ ಅವು ಜೋಡಣೆಯಾಗುವುದಿಲ್ಲ.

ಮಾಸ್ತರು: ಕೋಟೆ ಕಟ್ಟಿಸಿದ್ದು ರಾಣಿಯೇ ಎಂದು ನೀನು ಕಾಗದದಲ್ಲಿ ಅಚ್ಚುಹಾಕಿದರೆ ನಾನು ಬರುವುದಿಲ್ಲ.

ಹುಡುಗಿ: ರಾಣಿಯ ಹೆಸರು ತೆಗೆದರೆ ಯಾರೂ ಬರುವುದಿಲ್ಲ.

ಮಾಸ್ತರು: ಇರಲಿ. ಮೊದಲು ಪೇಟೆಯ ಮಾತಾಡು. ಅಂಕೋಲೆಯಲ್ಲಿ ಇಪ್ಪತ್ತು ಜನ ಮೊಬೈಲು ಎತ್ತಿ ಹಿಡಿದುಕೊಂಡು ನುಗ್ಗಿದರೆ ಬಸಳೆ ಕೊಳ್ಳಲು ಬಂದವಳು ಎಲ್ಲಿ ನಿಲ್ಲಬೇಕು? ಹಾಲಕ್ಕಿ ಸಮುದಾಯದ ಹೆಂಗಸರ ಕೊರಳ ಮಣಿಸರ ಕಂಡ ಕೂಡಲೇ ಜನರಿಗೆ ಅವರ ಬುಟ್ಟಿಯಲ್ಲಿ ಏನಿದೆ ಎಂಬುದು ಕಾಣದಾಗುತ್ತದೆ. ಅದೇ ಸಮುದಾಯದ ತುಳಸಿ ಗೌಡರು ಬರಿಗಾಲಲ್ಲಿ ರಾಷ್ಟ್ರಪತಿ ಭವನಕ್ಕೆ ಹೋಗಿ ಪದ್ಮಶ್ರೀ ತೆಗೆದುಕೊಂಡ ಚಿತ್ರ ದೇಶವೆಲ್ಲ ನೋಡಿತು. ಅರಣ್ಯ ಇಲಾಖೆಯ ನರ್ಸರಿಯಲ್ಲಿ ದಶಕಗಟ್ಟಲೆ ಅವರು ಬೀಜ ಆಯ್ದು ಸಸಿ ಎಬ್ಬಿಸಿದ್ದನ್ನು ಎಷ್ಟು ಜನ ತಿಳಿದುಕೊಂಡರು? 2024ರ ಡಿಸೆಂಬರಿನಲ್ಲಿ ಅವರು ಹೋದರು, ಎರಡು ತಿಂಗಳಲ್ಲಿ ಹಾಡುಗಾರ್ತಿ ಸುಕ್ರಿ ಬೊಮ್ಮಗೌಡರೂ ಹೋದರು. ಒಬ್ಬರ ಗಿಡದ ಜ್ಞಾನ, ಇನ್ನೊಬ್ಬರ ಹಾಡಿನ ಭಂಡಾರ. ಚಿತ್ರ ಮಾತ್ರ ಎಲ್ಲರ ಫೋನಿನಲ್ಲಿ ಉಳಿಯಿತು.

ಹುಡುಗಿ: ಆ ಚಿತ್ರ ನೋಡಿಯೇ ನನ್ನ ಆಫೀಸಿನ ಗೆಳತಿಯೊಬ್ಬಳು ಹಾಲಕ್ಕಿಗಳ ಬಗ್ಗೆ ಓದಲು ಶುರುಮಾಡಿದಳು. ಚಿತ್ರ ಬಾಗಿಲಾಗಬಹುದು ಮಾವ, ಎಲ್ಲರಿಗೂ ಅಲ್ಲ, ಹತ್ತರಲ್ಲಿ ಒಬ್ಬರಿಗೆ. ಪೇಟೆಗೆ ನಾನು ನಿಯಮ ಇಡುತ್ತೇನೆ. ನಾಲ್ಕು ನಾಲ್ಕು ಜನರ ಗುಂಪು, ಫೋನು ಗಾಡಿಯಲ್ಲೇ. ಪ್ರತಿಯೊಬ್ಬರಿಗೂ ಚೀಲ ಕೊಟ್ಟು, ಏನಾದರೂ ಕೊಳ್ಳಿ, ಇದನ್ನು ಹೇಗೆ ಅಡುಗೆ ಮಾಡುವುದು ಎಂದು ಮಾರುವವರನ್ನೇ ಕೇಳಿ ಎನ್ನುತ್ತೇನೆ. ಕೊಳ್ಳುವವರ ಜೊತೆ ಅವರಿಗೆ ಮಾತಾಡಿ ಗೊತ್ತು. ನೋಡುವವರ ಜೊತೆ ಗೊತ್ತಿಲ್ಲ.

ಮಾಸ್ತರು: ಇದು ಒಳ್ಳೆಯದು. ಚೌಕಾಸಿ?

ಹುಡುಗಿ: ಮಾಡಲಿ. ನಾವೂ ಮಾಡುತ್ತೇವಲ್ಲ. ಹೇಳಿದಷ್ಟು ಕೊಟ್ಟು ಹೋದರೆ ಮುಂದಿನ ವಾರ ಊರವರಿಗೂ ಅದೇ ರೇಟು ಬೀಳುತ್ತದೆ.

ಮಾಸ್ತರು: ಮೀನುಪೇಟೆಯಲ್ಲಿ ಮೂಗು ಮುಚ್ಚಿಕೊಂಡು ನಡೆಯುವವರಿಗೆ ಏನು ಹೇಳುತ್ತೀ?

ಹುಡುಗಿ: ದುಡ್ಡು ಕಟ್ಟುವ ಮೊದಲೇ ಹೇಳುತ್ತೇನೆ. ಬಂಗುಡೆ, ತಾರ್ಲೆ, ಏಡಿ, ಸಿಗಡಿ ಇವೇ ಈ ಊರಿನ ಅನ್ನ. ವಾಸನೆ ಬೇಡವೆಂದರೆ ಈ ಪ್ರವಾಸ ನಿಮಗಲ್ಲ ಎಂದು. ಶಾಕಾಹಾರಿಗಳಿಗೆ ಅಪ್ಪೆಹುಳಿ, ತಂಬುಳಿ ಇದ್ದೇ ಇದೆ. ಇನ್ನೊಂದು ಕೇಳಬೇಕಿತ್ತು. ಅಂಕೋಲೆಯ ದಾರಿಯಲ್ಲಿ ಶಿರೂರು ಸಿಗುತ್ತದೆ. ಅಲ್ಲಿ ಗಾಡಿ ನಿಲ್ಲಿಸಬೇಕೋ ಬೇಡವೋ?

ಮಾಸ್ತರು: ಬೇಡ.

ಹುಡುಗಿ: 2024ರ ಜುಲೈ 16ರಂದು ಗುಡ್ಡ ಕುಸಿದು, ಚಹಾ ಅಂಗಡಿ, ಅದನ್ನು ನಡೆಸುತ್ತಿದ್ದ ಕುಟುಂಬ, ನಿಂತ ಲಾರಿ ಎಲ್ಲ ಮಣ್ಣು, ನದಿಯ ಪಾಲಾಯಿತು. ಹೆದ್ದಾರಿ ಅಗಲ ಮಾಡಲು ಗುಡ್ಡವನ್ನು ಕಡಿದಾಗಿ ಕತ್ತರಿಸಿದರೆ ಮಳೆಗೆ ಏನಾಗುತ್ತದೆ ಎಂದು ಬಂದವರಿಗೆ ತಿಳಿಯಬೇಡವೇ? ನಾವು ಅಂದವಾದದ್ದನ್ನಷ್ಟೇ ತೋರಿಸಿದರೆ ಅದೂ ಸುಳ್ಳೇ.

ಮಾಸ್ತರು: ತಿಳಿಸು. ಗಾಡಿ ನಡೆಯುತ್ತಿರುವಾಗ ತಿಳಿಸು. ಇಳಿಸಬೇಡ. ಇಳಿದರೆ ಫೋಟೋ ತೆಗೆಯುತ್ತಾರೆ, ಅದನ್ನು ನೀನು ತಡೆಯಲಾರೆ. ಅಲ್ಲಿ ಸತ್ತವರ ಕಡೆಯವರು ಇದೇ ತಾಲೂಕುಗಳಲ್ಲಿ ಬದುಕಿದ್ದಾರೆ.

ಹುಡುಗಿ: ನಿಂತು ಒಂದು ನಿಮಿಷ ಸುಮ್ಮನಿರುವುದನ್ನು ನಾನು ಅಗೌರವ ಎನ್ನಲಾರೆ.

ಮಾಸ್ತರು: ಅಲ್ಲಿ ದುಃಖ ಆರಿಲ್ಲ. ಅದು ನಿನ್ನ ಪಟ್ಟಿಯಲ್ಲಿ ಕೋಟೆಗೂ ಪೇಟೆಗೂ ನಡುವೆ ಬರಬಾರದು.

ಇಲ್ಲಿ ನನಗೆ ಹಿರಿಯರ ಮಾತೇ ಹತ್ತಿರವಾಯಿತು. ಆದರೆ ಹುಡುಗಿಯ ಪ್ರಶ್ನೆ ಸುಲಭಕ್ಕೆ ಬಿಡುವಂಥದ್ದಲ್ಲ. ಊರು ತೋರಿಸುತ್ತೇವೆಂದು ಹೊರಟವರು ಊರಿನ ಗಾಯವನ್ನು ದಾಟಿಕೊಂಡು ಹೋಗುವ ವೇಗದ ಬಗ್ಗೆ ಯೋಚಿಸಲೇಬೇಕು.

ಮಾಸ್ತರು: ನನ್ನ ದೊಡ್ಡ ಭಯವನ್ನು ಹೇಳಿಬಿಡುತ್ತೇನೆ. ಗೋಕರ್ಣವನ್ನು ನೋಡು. ಶಿವರಾತ್ರಿಗೆ, ಪಿತೃಕಾರ್ಯಕ್ಕೆ ಬರುವವರ ಊರಾಗಿತ್ತು. ಓಂ ಬೀಚಿನ ಹೆಸರು ಹಬ್ಬಿದ ಮೇಲೆ ಶನಿವಾರ, ಭಾನುವಾರ ರಸ್ತೆಯಲ್ಲಿ ಕಾಲಿಡಲು ಜಾಗವಿಲ್ಲ. ಕಸ ಯಾರು ಎತ್ತುತ್ತಾರೆ, ಬಾವಿಯ ನೀರು ಯಾರಿಗೆ ಸಾಲದಾಯಿತು ಎಂದು ಕೇಳಿದವರಿಲ್ಲ. ಅಳಿವೆಯ ಈಚೆ ದಡ ಇನ್ನೂ ಉಳಿದಿದೆ. ನೀನು ದಾರಿ ತೋರಿಸುತ್ತೀ. ನಿನ್ನ ಹಿಂದೆ ಬರುವವರಿಗೆ ನಿನ್ನ ನಿಯಮ ಬೇಕಿಲ್ಲ.

ಹುಡುಗಿ: ದಾರಿ ಆಗಲೇ ಗೊತ್ತಾಗಿದೆ ಮಾವ. 2024ರಲ್ಲಿ ಅಘನಾಶಿನಿ ಅಳಿವೆ ಅಂತಾರಾಷ್ಟ್ರೀಯ ಮಹತ್ವದ ಜೌಗುಪ್ರದೇಶಗಳ ರಾಮ್‌ಸರ್ ಪಟ್ಟಿಗೆ ಸೇರಿತು, 4,801 ಹೆಕ್ಟೇರು. ಹಕ್ಕಿ ನೋಡುವವರು ಬರುತ್ತಾರೆ, ಹೋಂಸ್ಟೇ ಮಾಡುವವರು ಜಾಗ ಹುಡುಕುತ್ತಾರೆ. ನಾನು ಸುಮ್ಮನಿದ್ದರೆ ಅವರು ನಿಲ್ಲುವುದಿಲ್ಲ. ಕೇರಳದವರು ಕುಮರಕಂನಲ್ಲಿ 2008ರ ಹೊತ್ತಿಗೇ ಒಂದು ದಾರಿ ಹಿಡಿದರು. ಹೋಟೆಲುಗಳು ತರಕಾರಿ, ಮೊಟ್ಟೆ, ಮೀನನ್ನು ಊರವರಿಂದಲೇ ಕೊಳ್ಳುವ ಏರ್ಪಾಡು, ಬಂದವರನ್ನು ಹಗ್ಗ ಹೊಸೆಯುವವರ, ಚಾಪೆ ಹೆಣೆಯುವವರ ಮನೆಗೆ ಕರೆದೊಯ್ಯುವ ಹಳ್ಳಿಯ ದಿನ. ಅಲ್ಲೂ ಎಲ್ಲ ಸರಿಯಾಗಿದೆ ಎಂದು ನಾನು ಹೇಳುತ್ತಿಲ್ಲ. ಊರವರು ಮೊದಲೇ ಕೈ ಹಾಕಿದರೆ ಕರಾರು ಹಾಕುವ ಬಲ ನಮಗಿರುತ್ತದೆ, ಅಷ್ಟೇ. ಇನ್ನೊಂದು. ತದಡಿಯಲ್ಲಿ ದೊಡ್ಡ ಉಷ್ಣ ವಿದ್ಯುತ್ ಸ್ಥಾವರದ ಪ್ರಸ್ತಾಪ ಬಂದಾಗ ನೀವೆಲ್ಲ ಬೀದಿಗಿಳಿದಿರಿ. ಆಗ ಘಟ್ಟದ ಮೇಲೆ ಎಷ್ಟು ಜನರಿಗೆ ಅಘನಾಶಿನಿ ಎಂದರೆ ಏನೆಂದು ಗೊತ್ತಿತ್ತು? ನಾಳೆ ಬಂದರೋ, ಅಣೆಕಟ್ಟೋ ಎಂದರೆ ಈ ನೀರಿನಲ್ಲಿ ಒಂದು ದಿನ ನಿಂತು ಹೋದವರು ನಮ್ಮ ಪರವಾಗಿ ನಾಲ್ಕು ಮಾತಾಡುತ್ತಾರೆ.

ಮಾಸ್ತರು: ಆಗ ನಮ್ಮ ಪರ ನಿಂತವರು ವರ್ಷಗಟ್ಟಲೆ ಈ ಕೆಸರಿನಲ್ಲಿ ನಡೆದು ಚಿಪ್ಪಿ, ಮೀನು, ಕಾಂಡ್ಲಾ ಗಿಡ ಲೆಕ್ಕ ಹಾಕಿದ ವಿಜ್ಞಾನಿಗಳು. ಮತ್ತು ಇಲ್ಲೇ ಹೊಟ್ಟೆ ಹೊರೆಯುವ ಅಂಬಿಗರು, ಹರಿಕಂತ್ರರು. ಒಂದು ದಿನಕ್ಕೆ ಬಂದವನು ಗುಡ್ಡ ಹತ್ತುವಷ್ಟರಲ್ಲಿ ಮರೆಯುತ್ತಾನೆ.

ಹುಡುಗಿ: ಆ ವಿಜ್ಞಾನಿಗಳೂ ಮೊದಲ ಸಲ ಒಂದು ದಿನಕ್ಕೇ ಬಂದಿರುತ್ತಾರೆ.

ಮಾಸ್ತರು ನಕ್ಕರು. ಕನ್ನಡಕ ತೆಗೆದಿಟ್ಟು ಪಂಚಾಂಗ ತರಲು ಹೇಳಿದರು.

ಮಾಸ್ತರು: ಅಮಾವಾಸ್ಯೆ, ಹುಣ್ಣಿಮೆಯ ಆಸುಪಾಸಿನಲ್ಲಿ ನೀರು ಹೆಚ್ಚು ಇಳಿಯುತ್ತದೆ. ಚಿಪ್ಪಿಕಲ್ಲಿನ ಜಾಗ ಚೆನ್ನಾಗಿ ತೆರೆದುಕೊಳ್ಳುತ್ತದೆ. ಮೊದಲ ಸಲ ಅಂಥ ದಿನ ಇಟ್ಟುಕೋ. ಮುಂದಿನ ಅಮಾವಾಸ್ಯೆ ಮಂಗಳವಾರ.

ಹುಡುಗಿ: ಮಂಗಳವಾರ ಯಾರು ಬರುತ್ತಾರೆ ಮಾವ? ರಜೆ ಹಾಕಿ ಬರುವವರು ನಾಲ್ಕೋ ಐದೋ ಜನ. ಗಾಡಿಯ ಬಾಡಿಗೆಯೂ ಹುಟ್ಟುವುದಿಲ್ಲ.

ಮಾಸ್ತರು: ನಾಲ್ಕು ಜನರಿಗೆ ಗಾಡಿ ಯಾಕೆ? ತದಡಿಯಿಂದ ಆಚೆ ದಡಕ್ಕೆ ಊರವರು ಹೋಗುವ ದೋಣಿಯಲ್ಲೇ ಹೋಗಲಿ. ನಡೆಯಲಿ. ಗಜನಿಯ ಕಟ್ಟೆಯ ಮೇಲೆ ಕೂತು ನೀರು ಇಳಿಯುವ ತನಕ ಕಾಯಲಿ.

ಹುಡುಗಿ: ಹಾಗಾದರೆ ಮಿರ್ಜಾನ ತಪ್ಪುತ್ತದೆ, ಅಂಕೋಲೆ ತಪ್ಪುತ್ತದೆ.

ಮಾಸ್ತರು: ತಪ್ಪಲಿ.

ಹುಡುಗಿ: ಕೋಟೆ ತಪ್ಪಿದರೆ ನೀವು ಹೇಳಿದ ಆ ಹೊಳೆಯ ದಾರಿ ಅವರಿಗೆ ಹೇಗೆ ಗೊತ್ತಾಗಬೇಕು? ನಾಲ್ಕೇ ಜನರಾದರೆ ಕಟ್ಟೆಗೆ ಎತ್ತಿಡುವ 5,000 ಎಲ್ಲಿಂದ ಬರಬೇಕು?

ಮಾಸ್ತರು: ಮೊದಲ ಸಲ ಕಟ್ಟೆಗೆ ದುಡ್ಡು ಬೇಡ.

ಹುಡುಗಿ: ಬೇಕು. ಅದಿಲ್ಲದೆ ಮೊದಲ ಸಲವೇ ಬೇಡ. ಭಾನುವಾರ ಇಡುತ್ತೇನೆ, ಇಳಿತ ಎಷ್ಟು ಹೊತ್ತಿಗಿದ್ದರೂ ಅದಕ್ಕೆ ತಕ್ಕಂತೆ ದಿನ ಹೊಂದಿಸುತ್ತೇನೆ. ಹನ್ನೆರಡು ಜನಕ್ಕಿಂತ ಹೆಚ್ಚು ಕರೆಯುವುದಿಲ್ಲ. ನೀವು ಬರುತ್ತೀರಾ?

ಮಾಸ್ತರು: ಕಾಗದದಲ್ಲಿ ರಾಣಿಯ ಬಗ್ಗೆ ಏನು ಬರೆದಿದ್ದೀ, ಅದನ್ನು ಮೊದಲು ತೋರಿಸು.